ಹಗಲುನಿದ್ದೆಯ ಪರೀಕ್ಷೆ

ಕಮಲಾಕರನ ಮೂರು ತಿಂಗಳ ತಯಾರಿಯನ್ನು ಕೆಡಿಸಲು ಹೊರಟದ್ದು ಒಂದೇ ಒಂದು ಕಪ್ ಚಹಾ.

ಮಾಂಗೋರ್ ಹಿಲ್ ಬಡಾವಣೆಯಲ್ಲಿ ಬಟ್ಟೆ ಅಂಗಡಿ ಇಟ್ಟಿದ್ದ ಕಮಲಾಕರ, ಐವತ್ತು ದಾಟಿದ ಮೇಲೆ ಕುಂಡಯಿ ಊರಿನ ಕಾಲ-ಕನಸು ವಿದ್ಯಾಪೀಠ ಸೇರಿದ್ದ. ಬೇಕೆಂದಾಗ ನಿದ್ದೆ ಹೋಗಿ, ಆ ನಿದ್ದೆಯಲ್ಲೇ ಬೇಕಾದ ದಿನವನ್ನು ನೋಡಿ ಬರುವ ವಿದ್ಯೆಯನ್ನು ಅಲ್ಲಿ ಕಲಿಸುತ್ತಿದ್ದರು. ಅವನ ಮಗಳು ಸಮೀಕ್ಷಾ ಮೊದಲ ಸಲಕ್ಕೇ ಪಾಸಾಗಿದ್ದಳು. ಒಂದು ಮಧ್ಯಾಹ್ನ ಮಲಗಿ ಎದ್ದವಳೇ, “ಪಪ್ಪಾ, ಅಜ್ಜ ಬೆಳಗಾವ್ಯಾಗ ಅಂಗಡಿ ಹಾಕಿದ ದಿನಾ ನೋಡಿ ಬಂದ್ನಿ. ಏನ್ ನಗತಿದ್ದ ಅಂತೀ!” ಅಂದಳು.

ಅಪ್ಪ ನಕ್ಕದ್ದನ್ನು ಕಮಲಾಕರ ಜನ್ಮದಲ್ಲಿ ಕಂಡಿರಲಿಲ್ಲ. ಅದನ್ನು ನೋಡಿಯೇ ತೀರುತ್ತೇನೆಂದು ಹಟ ತೊಟ್ಟ. ಎರಡು ಸಲ ನಪಾಸಾಗಿದ್ದ. ಪಾಸಾದವರಿಗಷ್ಟೇ ಬೇಕಾದ ದಿನ ನೋಡುವ ಅಪ್ಪಣೆ; ಇದು ಕೊನೆಯ ಅವಕಾಶ.

ಪರೀಕ್ಷೆಗೆ ಹೊರಟವನನ್ನು ಪಕ್ಕದ ಮನೆಯ ಗೌರವ್ವ ತಡೆದಳು. “ಬರೀ ಹೊಟ್ಟಿಲೇ ಹೋಗಬಾರದ್ರಿ” ಎಂದು ಚಹಾ ಹಿಡಿಸಿದಳು. ಒಲ್ಲೆ ಅನ್ನುವ ಮೊದಲೇ ಅರ್ಧ ಚಹಾ ಗಂಟಲಿಳಿದಿತ್ತು.

“ಅಯ್ಯ ಗೌರವ್ವಾ! ಇವತ್ತ ಇವರಿಗೆ ನಿದ್ದಿ ಬರಬೇಕ!” ಎಂದು ಹೆಂಡತಿ ಸರಸ್ವತಿಬಾಯಿ ಚೀರಿದಳು.

ಗೌರವ್ವ ಗಾಬರಿಯಾಗಿ, ಮಾಡಿದ ತಪ್ಪಿಗೆ ಮದ್ದೆಂದು ಜಾಜಿಕಾಯಿ ತೇಯ್ದ ಹಾಲು ಕುಡಿಸಿದಳು; ಅದು ಸಾಲದೆಂದು ಮೇಲೊಂದು ತಂಬಿಗೆ ಮಜ್ಜಿಗೆ. ಅವೆಲ್ಲ ಸೇರಿ ಬಸ್ಸಿನಲ್ಲೇ ಕೆಲಸ ಶುರುಮಾಡಿದವು. ಕಣ್ಣು ಮಳೆಗಾಲದ ಬಾಗಿಲಿನಂತೆ ಬಿಗಿಯತೊಡಗಿದವು. ಆದರೆ ದಿನಕ್ಕೆ ಒಂದೇ ಕನಸಿನ ಪಯಣ ಎಂಬುದು ವಿದ್ಯಾಪೀಠದ ನಿಯಮ. ಇಲ್ಲಿ ಮಲಗಿದರೆ ಅಲ್ಲಿ ಕನಸಿಲ್ಲ. ಸೀಟು ಖಾಲಿ ಇದ್ದರೂ ಕಮಲಾಕರ ನಿಂತೇ ಇದ್ದ.

“ಬೈಠೋ ಚಾಚಾ” ಎಂದ ಕಂಡಕ್ಟರ್.

“ಕುಂತ್ರ ಮುಗೀತು ನನ್ನ ಕಥಿ!” ಎಂದು ತೊಡೆ ಚಿವುಟಿಕೊಂಡ ಕಮಲಾಕರ. ಚಿವುಟಿ ಚಿವುಟಿ ಕುಂಡಯಿಯಲ್ಲಿ ಇಳಿಯುವಾಗ ನಿದ್ದೆಯ ಸುಳಿವೇ ಇರಲಿಲ್ಲ.

ಪರೀಕ್ಷೆಯ ಕೋಣೆಯಲ್ಲಿ ಹನ್ನೆರಡು ಚಾಪೆ, ಎದುರಿಗೊಂದು ಕರಿಹಲಗೆ. ಪ್ರಾಂಶುಪಾಲೆ ಮೋತಿಬಾಯಿ ಹಂಚಿದ ಕಾಗದದಲ್ಲಿ ಇದ್ದದ್ದು ಒಂದೇ ಪ್ರಶ್ನೆ: ‘ನಾಳೆ ಹತ್ತು ಗಂಟೆಗೆ ಈ ಹಲಗೆಯ ಮೇಲೆ ಏನು ಬರೆದಿರುತ್ತದೆ?’ ವೇಳೆ ಎರಡು ತಾಸು.

ಪಕ್ಕದ ಚಾಪೆಯ ಶಫೀಸಾಬ ಕಾರ್ಖಾನೆಯ ರಾತ್ರಿಪಾಳಿಯ ವಾಚ್‌ಮನ್. ತಲೆ ಇಟ್ಟದ್ದೇ ತಡ, ಘಾಟಿ ಏರುವ ಲಾರಿಯಂತೆ ಗೊರಕೆ ಹೊಡೆಯತೊಡಗಿದ. ಕಮಲಾಕರ ಎಡಕ್ಕೆ ಹೊರಳಿದ, ಬಲಕ್ಕೆ ಹೊರಳಿದ. ಒಂದೂವರೆ ತಾಸು ಕಳೆಯಿತು.

“ಹೆಂಗ ಬರೂದಿಲ್ಲ ನೋಡೇ ಬಿಡತೇನಿ” ಎಂದು ಹಲ್ಲು ಕಚ್ಚಿ, ಶಫೀಸಾಬನ ಗೊರಕೆಯ ತಾಳಕ್ಕೇ ಉಸಿರಾಡತೊಡಗಿದ. ಏರಿದಾಗ ಒಳಕ್ಕೆ, ಇಳಿದಾಗ ಹೊರಕ್ಕೆ. ಯಾವಾಗ ಜಾರಿದನೋ ತಿಳಿಯದು. ಕನಸಿನಲ್ಲಿ ನಾಳೆಯ ಬಿಸಿಲು ಬಿದ್ದಿತ್ತು, ಹಲಗೆ ತುಂಬ ದುಂಡನೆಯ ಅಕ್ಷರಗಳಿದ್ದವು.

ಎದ್ದಾಗ ಐದು ನಿಮಿಷ ಉಳಿದಿತ್ತು. ಪೆನ್ನು ಹಿಡಿದ ಕೈ ಒಂದು ಗಳಿಗೆ ತಡೆಯಿತು. ಬೇರೇನಾದರೂ ಬರೆಯಲೇ? ಇಲ್ಲ. ಕಂಡದ್ದನ್ನೇ ಬರೆದ: ‘ಕಮಲಾಕರ ನಪಾಸು.’

ಮೋತಿಬಾಯಿ ಎಲ್ಲರ ಕಾಗದ ಓದಿ ಕನ್ನಡಕ ತೆಗೆದಳು. “ಉತ್ತರ ಬರೋಬ್ಬರಿ ಐತ್ರಿ. ನಾಳೆ ಏನ್ ಬರೀಬೇಕಂತ ನನಗೂ ಗೊತ್ತಿರಲಿಲ್ಲ. ಹನ್ನೆರಡೂ ಮಂದಿ ‘ಕಮಲಾಕರ ನಪಾಸು’ ಅಂತನ ಬರದೀರಿ.”

“ಹಂಗಾರ ನಾ ಪಾಸ್ ಏನ್ರಿ ಬಾಯಾರ?” ಕಮಲಾಕರ ಕುಣಿಯುವುದೊಂದು ಬಾಕಿ.

“ನಿಮ್ಮನ್ನ ಪಾಸ್ ಮಾಡಿದ್ರ ಹಲಗಿ ಮ್ಯಾಲೆ ಹಂಗ ಬರಿಯಾಕ ಬರೂದಿಲ್ರಿ. ಆಗ ನಿಮ್ಮ ಉತ್ತರಾನೂ ತಪ್ಪು, ಈ ಹನ್ನೊಂದು ಮಂದೀದೂ ತಪ್ಪು. ಎಲ್ಲಾರೂ ನಪಾಸು. ನೀವ ಒಬ್ಬರು ನಪಾಸಾದ್ರ ಎಲ್ಲಾರ ಉತ್ತರಾನೂ ಸರಿ, ಇವರೆಲ್ಲಾ ಪಾಸು.”

ಶಫೀಸಾಬ ಮೆಲ್ಲಗೆ ಎದ್ದು ಕಮಲಾಕರನಿಗೆ ಕೈಮುಗಿದ. ಉಳಿದ ಹತ್ತು ಜನರೂ ಕೈಮುಗಿದರು.

ಕಮಲಾಕರ ಖಾಲಿ ಹಲಗೆಯನ್ನೊಮ್ಮೆ ನೋಡಿದ. ಆಮೇಲೆ ಚಾಪೆ ಸುತ್ತಿ ಮೂಲೆಗಿಟ್ಟು, ಅಂಗಿ ಕೊಡವಿಕೊಂಡ.

“ಬರೀರ್ರಿ” ಎಂದ. “ಆದ್ರ ಅಕ್ಷರ ದುಂಡಗ ಇರ್ಲಿ ಬಾಯಾರ. ನಾ ಕಂಡಾಗ ಭಾಳ ಚಲೋ ಇದ್ದೂ.”