ಸೀತು ತಿಂದ ಗೋಲ್ಡನ್ ರಾಡ್

ನಾನು: ಮಗು ತಿನ್ನಲಿಲ್ಲ ಅಂತ ನಿಮಗೆ ಹೇಗೆ ಗೊತ್ತು ಅತ್ತೆ?

ಅತ್ತೆ: ಗೊತ್ತುಂಟು, ಅಷ್ಟೆ.

ನಾನು: ಹಾಗಾದರೆ ಹೂ ಎಲ್ಲಿ? ಬೆಳಿಗ್ಗೆ ಇತ್ತು. ಈಗ ಬರೀ ಬೋಳು ಕಡ್ಡಿ!

ಅತ್ತೆ: ಗಾಳಿಗೆ ಹೋಗಿರಬಹುದು.

ನಾನು: ಗಾಳಿ ಬಂದು ಉಗುರಲ್ಲಿ ಚಿವುಟಿಕೊಂಡು ಹೋಗುತ್ತದಾ? ಇವಳ ತುಟಿ ನೋಡಿ, ಹಳದಿ. ಜೊಲ್ಲು ನೋಡಿ! ಅಂಗಿ ಎರಡು ಸಲ ಬದಲಾಯಿಸಿದೆ.

ಇಚಿಲಂಪಾಡಿಯ ನಮ್ಮ ಮನೆಯ ಜಗಲಿ. ಮದುವೆಯಾಗಿ ಬರುವಾಗ ಮೈಸೂರಿನ ಕಾಲೇಜು ತೋಟದಿಂದ ಬೇರು ತಂದು, ಸೀಮೆಎಣ್ಣೆ ಡಬ್ಬದಲ್ಲಿ ನೆಟ್ಟು, ಎರಡು ವರ್ಷ ಕಾದ ಗೋಲ್ಡನ್ ರಾಡ್ ಗಿಡದ ಹಳದಿ ಗೊಂಚಲು ನಿನ್ನೆಯಷ್ಟೇ ಅರಳಿತ್ತು. ಈಗ ಆ ಡಬ್ಬಕ್ಕೆ ಒರಗಿ ಹತ್ತು ತಿಂಗಳ ನನ್ನ ಮಗಳು ಸೀತು ಜೊಲ್ಲು ಸುರಿಸುತ್ತಿದ್ದಳು. ಅತ್ತೆ ತಿಮ್ಮಕ್ಕ ಮನೆಯವರೆಲ್ಲರೊಡನೆ ಮನೆಮಾತಾದ ಅರೆಭಾಷೆಯಾಡಿದರೂ ನನ್ನೊಡನೆ ಕನ್ನಡದಲ್ಲೇ ಜಗಳವಾಡುವಷ್ಟು ದಾಕ್ಷಿಣ್ಯದವರು.

ನಾನು ಒಳಗೆ ಓಡಿ ಸಸ್ಯಶಾಸ್ತ್ರದ ಪುಸ್ತಕ ತಂದೆ.

ನಾನು: ಸಿಕ್ಕಿತು. ಜಾತಿ ಸಾಲಿಡಾಗೊ, ಕುಟುಂಬ ಕಾಂಪೊಸಿಟೆ. ಸೇವಂತಿಗೆಯದೇ ಕುಟುಂಬ. ಬೀಜಕ್ಕೆ ಕೂದಲಿನ ಜುಟ್ಟು...

ಅತ್ತೆ: ತಿಂದ್ರೆ ಎಂತ ಆಗ್ತದೆ ಅಂತ ಉಂಟಾ?

ನಾನು: ಅದೊಂದು ಇಲ್ಲ.

ಅತ್ತೆ: ಮತ್ತೆ ಎಂತಕ್ಕೆ ಓದಿದ್ದು ಮೂರು ವರ್ಷ?

ನಾನು: ಸೇವಂತಿಗೆಯ ಸಂಬಂಧಿ, ವಿಷ ಇರಲಾರದು. ಆದರೆ ಸಂಬಂಧಿ ಅಂದ ಮಾತ್ರಕ್ಕೆ ನಂಬುವುದು ಹೇಗೆ?

ಅತ್ತೆ: ಅದು ಸರಿ. ನಿನ್ನ ಮಾವನೂ ದುಗ್ಗಪ್ಪ ಭಾವನೂ ಒಂದೇ ಹೊಟ್ಟೆಯಲ್ಲಿ ಹುಟ್ಟಿದವರು. ಒಬ್ಬರು ಬಾಯಿ ತೆರೆಯುದಿಲ್ಲ, ಇನ್ನೊಬ್ಬರು ಮುಚ್ಚುದಿಲ್ಲ.

ನಾನು: ತಮಾಷೆಯಲ್ಲ ಅತ್ತೆ. ಇದು ಒಂದು ಹೂವೂ ಅಲ್ಲ. ಒಂದೊಂದು ಹಳದಿ ಚುಕ್ಕಿಯೂ ಹತ್ತಾರು ಹೂಗಳ ಗುಂಪು. ಇಡೀ ಗೊಂಚಲಿನಲ್ಲಿ ಸಾವಿರಾರು!

ಅತ್ತೆ: ಆಗ ಒಂದು ತಿಂದಿದ್ದಳು, ಪುಸ್ತಕ ತೆರೆದ ಮೇಲೆ ಸಾವಿರ ತಿಂದಳಾ? ಮುಚ್ಚು ಮಾರಾಯ್ತಿ, ಇನ್ನೆರಡು ಪುಟ ಓದಿದ್ರೆ ಮಗುವಿಗೆ ಅಜೀರ್ಣ ಆದೀತು.

ಕೆಳಗಿನ ರಸ್ತೆಯಲ್ಲಿ ಅಬ್ದುಲ್ಲನ ಜೀಪಿನ ಹಾರ್ನ್ ಕೇಳಿಸಿತು. ಪುತ್ತೂರಿನ ಆಸ್ಪತ್ರೆಗೆ ಹೋಗಲು ಆ ಹೊತ್ತಿಗೆ ಅದೊಂದೇ ಗತಿ. ಪುಸ್ತಕವನ್ನು ಚೀಲಕ್ಕೆ ತುರುಕಿ, ಸೀತುವನ್ನು ಸೊಂಟಕ್ಕೇರಿಸಿಕೊಂಡೆ. ಕಣ್ಣು ಮಂಜಾಗಿ ಮೆಟ್ಟಿಲು ಕಾಣಲಿಲ್ಲ.

ನಾನು: ಹೊಟ್ಟೆಗೆ ನಳಿಕೆ ಹಾಕಿ ತೊಳೆಯುತ್ತಾರೋ ಏನೋ. ಅಷ್ಟು ದೂರದಿಂದ ತಂದು ನೆಟ್ಟವಳು ನಾನೇ ಅಲ್ಲವಾ ಅತ್ತೆ...

ಅತ್ತೆ: ನಿಲ್ಲು, ನಿಲ್ಲು! ಅಳಬೇಡ. ಹೂ ಕೊಯ್ದದ್ದು ನಾನು.

ನಾನು: ನೀವಾ?

ಅತ್ತೆ: ದೇವರ ಪಟಕ್ಕೆ. ಸೇವಂತಿಗೆಯ ಸಂಬಂಧ ಅಂತ ನಿನ್ನೆಯೂ ನೀನೇ ಅಲ್ವಾ ಹೇಳಿದ್ದು? ಕೇಳಿದ್ರೆ ಕೊಡ್ತಿದ್ದೆಯಾ? ಗಂಡನಿಗಿಂತ ಹೆಚ್ಚು ಅದನ್ನು ನೋಡಿಕೊಂಡವಳು ನೀನು.

ದೇವರ ಕೋಣೆಗೆ ಇಣುಕಿದೆ. ಪಟದ ಮೇಲೆ ನನ್ನ ಗೋಲ್ಡನ್ ರಾಡ್ ಯಾವ ಸಂಕೋಚವೂ ಇಲ್ಲದೆ ಬಾಗಿ ಕುಳಿತಿತ್ತು.

ನಾನು: ಹಾಗಾದರೆ ಬಾಯಿಯ ಹಳದಿ? ಈ ಜೊಲ್ಲು?

ಅತ್ತೆ ಸೆರಗಿನ ಗಂಟು ಬಿಚ್ಚಿ, ಅಂಗಿಯ ಗುಂಡಿಯಂಥ ಹಳದಿ ಹೂವೊಂದನ್ನು ತೆಗೆದರು.

ಅತ್ತೆ: ಹಲ್ಲುನೋವಿನ ಹೂ, ಗದ್ದೆ ಬದಿಯದ್ದು. ಹಲ್ಲು ಬರುವ ನೋವಿಗೆ ರಾತ್ರಿಯಿಡೀ ವಸಡು ಕಚ್ಚಿಕೊಂಡು ಅತ್ತಳಲ್ಲ, ಚೂರು ಉಜ್ಜಿದೆ. ನಿನ್ನ ಗಂಡನಿಗೂ ಉಜ್ಜಿದ್ದೇನೆ. ಹಲ್ಲು ಎಂತ ಕಡಿಮೆ ಬಂತಾ?

ನಾನು: ನನ್ನನ್ನು ಕೇಳದೆ! ಇದೂ ಕಾಂಪೊಸಿಟೆಯೇ! ಯಾರಾದರೂ ಪರೀಕ್ಷೆ ಮಾಡಿದ್ದಾರಾ?

ಅತ್ತೆ: ನೀನೇ ಮಾಡು.

ಮಾಡಿದೆ. ಅವರ ಕೈಯಿಂದ ಕಸಿದು ಇಡೀ ಹೂವನ್ನು ಜಗಿದೆ. ಮೊದಲು ನಾಲಗೆಯ ಮೇಲೆ ಇರುವೆ ಸಾಲು ಹರಿದಂತಾಯಿತು. ಆಮೇಲೆ ನಾಲಗೆಯೇ ಇಲ್ಲವಾಯಿತು. ಬಾಯಲ್ಲಿ ನೀರು ಉಕ್ಕಿ ಬಂತು.

ಅಷ್ಟರಲ್ಲಿ ಅಬ್ದುಲ್ಲನೇ ಅಂಗಳಕ್ಕೆ ಬಂದ.

ಅಬ್ದುಲ್ಲ: ಎಂತ ಅಕ್ಕ, ಪುತ್ತೂರಿಗೆ ಬರ್ಲಿಕ್ಕುಂಟಾ?

ಬೇಡವೆನ್ನಲು ಬಾಯಿ ತೆರೆದೆ. ಮಾತಿನ ಬದಲು ಜೊಲ್ಲು ಬಂತು. ಸೀತುವಿನ ಕೊರಳ ಬಟ್ಟೆಯನ್ನೇ ಎಳೆದು ಒರೆಸಿಕೊಂಡೆ. ಅವಳು ನನ್ನ ಬಾಯಿ ನೋಡಿ ಕಿಲಕಿಲ ನಕ್ಕಳು.

ಅತ್ತೆ: ಇಲ್ಲ ಅಬ್ದುಲ್ಲ, ನೀನು ಹೋಗು. ತಾಯಿಗೂ ಹಲ್ಲು ಬರ್ತಾ ಉಂಟು.