ಮಾತು ಬಂದರೆ ಅಕ್ಕೋರಿಗೆ ರಜೆ

ಮಕ್ಕಳಿಗೆ ಮಾತು ಕಲಿಸುವವಳ ಬಾಳಿನಲ್ಲಿ ನಗೆಗೆ ಬರವಿಲ್ಲ. ಕೂಡಿ ನಗಲು ಜನ ಬೇಕು, ಅಷ್ಟೆ. ಮೊಬೈಲು ಇನ್ನೂ ಎಲ್ಲರ ಕೈಗೆ ಬಂದಿರದ ಕಾಲದಲ್ಲಿ ನಾನು ರೋಣದಲ್ಲೊಂದು ಕೋಣೆ ಹಿಡಿದು, ಮಾತು ತಡವಾದ ಮಕ್ಕಳ ಮನೆಗಳಿಗೆ ಬಸ್ಸಿನಲ್ಲಿ ಸುತ್ತುತ್ತಿದ್ದೆ.

ಎರಡು ತಾಟು

ಮಾಡುವ ಕೆಲಸವನ್ನೆಲ್ಲ ಮಗುವಿನೆದುರು ಬಾಯಿಬಿಟ್ಟು ಹೇಳುತ್ತಿರಬೇಕು, ಕೇಳಿ ಕೇಳಿ ಅದು ಕಲಿಯುತ್ತದೆ. ತಾಯಂದಿರಿಗೆ ಇದನ್ನು ಹೇಳಿ ಹೇಳಿ ನನಗೇ ಚಟವಾಯಿತು. ಕೋಣೆಯಲ್ಲಿ ಒಬ್ಬಳೇ, "ಚಹಾ ಕುದೀತು, ಈಗ ಸೋಸೋಣ" ಎನ್ನುತ್ತಿದ್ದೆ. ಒಂದು ಸಂಜೆ ಮನೆಯೊಡತಿ ಎರಡು ತಾಟು ಊಟ ತಂದರು.

"ಯಾರೋ ಬಂದಾರಲ್ರಿ ಅಕ್ಕೋರ, ಮಾತು ಕೇಳಿಸ್ತು."

ಯಾರೂ ಇಲ್ಲ ಎನ್ನಲು ನಾಚಿಕೆಯಾಯಿತು. "ಮಲಗ್ಯಾರ್ರಿ" ಎಂದು ಎರಡನ್ನೂ ನಾನೇ ಉಂಡೆ. ಮರುದಿನ ಖಾಲಿ ತಾಟು ನೋಡಿ ಅವರು, "ಬಂದವ್ರಿಗೆ ಹಸಿವು ಚಲೋ ಐತಿ ಬಿಡ್ರಿ" ಎಂದರು.

ನರಗುಂದದ ಪೆಪ್ಪರಮಿಂಟು

ಕಿರಾಣಿ ಅಂಗಡಿಯವರೊಬ್ಬರಿಗೆ ಹೇಳಿದೆ: ಮಗನಿಗೆ ಬೇಕಾದ್ದನ್ನು ಎತ್ತರದಲ್ಲಿಡಿ, ಬಾಯಿಬಿಟ್ಟು ಕೇಳಿದಾಗಲೇ ಕೊಡಿ. ಅವರು ಪೆಪ್ಪರಮಿಂಟಿನ ಡಬ್ಬಿಯನ್ನು ಗೋಡೆಯ ತುದಿಗೆ, ಸೂರಿನ ಹತ್ತಿರ ಇಟ್ಟರು. ಮುಂದಿನ ವಾರ ಹೋದಾಗ ಮುಖ ಸಣ್ಣದು ಮಾಡಿದ್ದರು.

"ಮಾತು ಬರ್ಲಿಲ್ರಿ ಅಕ್ಕೋರ. ಗ್ವಾಡಿ ಹತ್ತೂದು ಭಾಳ ಚಲೋ ಕಲ್ತ."

ಗಜೇಂದ್ರಗಡದ ಆಯಿ

ಸೀರೆ ನೇಯುವವರ ಮನೆ. ನಾಲ್ಕು ವರ್ಷದ ಹುಡುಗಿ ಮಾತಾಡುತ್ತಿರಲಿಲ್ಲ. ಅಪ್ಪ ಅಮ್ಮ ಮಗ್ಗದಿಂದ ಏಳುವವರಲ್ಲ. ಅಜ್ಜಿ, ಅವರೆಲ್ಲರ ಆಯಿ, ಹುಡುಗಿ ಬೆರಳು ಎತ್ತುವ ಮೊದಲೇ ಬೇಕಾದ್ದು ತಂದು ಕೊಡುತ್ತಿದ್ದಳು. "ತಿಳಿಯದವರಂಗ ಇರ್ರಿ ಆಯಿ, ಆಕಿ ಕೇಳ್ಲಿ" ಎಂದೆ.

ಪ್ರತಿ ಮಂಗಳವಾರ ಆಯಿ ಬಾಗಿಲಲ್ಲೇ ನಿಂತಿರುತ್ತಿದ್ದಳು. ನನ್ನೊಡನೆ ಹರಟುವುದೆಂದರೆ ಅವಳಿಗೆ ಹಬ್ಬ. ಆ ಸೀಮೆಯಲ್ಲೆಲ್ಲ ನನ್ನ ದಾರಿ ಕಾಯುತ್ತಿದ್ದವಳೂ ಅವಳೊಬ್ಬಳೇ.

ಹುಡುಗಿಗೆ "ನೀರು" ಬಂತು, "ರೊಟ್ಟಿ ಕೊಡು" ಬಂತು. ಮಾತು ಪೂರಾ ಬಂದರೆ ನಾನು ಬರುವ ಕೆಲಸವಿಲ್ಲ ಎಂದು ಆಯಿಗೆ ಹೇಳಿದೆ. ಹೇಳಿದ ಮೇಲೆ ಬಸ್ಸಿನಲ್ಲಿ ದಾರಿಯುದ್ದಕ್ಕೂ ನನಗೇ ಕಸಿವಿಸಿ.

ಮುಂದಿನ ಮಂಗಳವಾರ ಹುಡುಗಿ ತುಟಿ ಬಿಚ್ಚಲಿಲ್ಲ. ಗೊಂಬೆ ತೋರಿಸಿದೆ, ಬೆಲ್ಲ ತೋರಿಸಿದೆ. ಊಹೂಂ.

"ಮತ್ತ ಮೊದಲಿನಂಗ ಆಗ್ಯಾಳ್ರಿ" ಎಂದಳು ಆಯಿ, ಸೆರಗು ಬಾಯಿಗೆ ಹಿಡಿದು. "ನೀವು ಇನ್ನೂ ಭಾಳ ದಿನಾ ಬರಬೇಕಾಕ್ಕೈತಿ."

ನನಗೆ ಗಾಬರಿಯಾಯಿತು. ಹುಡುಗಿಯನ್ನು ತೊಡೆಯ ಮೇಲೆ ಕೂರಿಸಿಕೊಂಡು, "ಯಾಕವಾ, ಏನಾತು?" ಎಂದು ಕೇಳಿ ಸುಮ್ಮನೆ ಕಾದೆ. ಅವಳು ಬೆಲ್ಲ ನೋಡಿದಳು, ಆಯಿಯನ್ನು ನೋಡಿದಳು, ಕೊನೆಗೆ ತಡೆಯಲಾರದೆ ಒಂದೇ ಉಸಿರಿಗೆ ಅಂದಳು:

"ನಾ ಮಾತಾಡಿದ್ರ ನೀವು ಬರಂಗಿಲ್ಲಂತ, ಅದಕ್ಕ ಆಯಿ ಬಾಯಿ ಮುಚ್ಕೊಂಡ್ ಕುಂಡ್ರು ಅಂದಾಳ, ಬೆಲ್ಲಾ ಕೊಡ್ರಿ!"

ಮಗ್ಗದ ಸದ್ದು ನಿಂತಿತು. ಆಯಿ ನೆಲ ನೋಡುತ್ತ ಕೂತಳು. ಬೆಲ್ಲ ಕೊಟ್ಟು ನಾನೆಂದೆ: "ಏನ ಮಾಡೂದ್ರಿ ಆಯಿ, ಈ ಹುಡುಗಿಗೆ ಇನ್ನೂ ಭಾಳ ಕಲಿಸೂದೈತಿ."

"ಹೌದ್ರಿ" ಎಂದಳು ಆಯಿ, "ಒಂದು ಮಾತೂ ಬರೂದಿಲ್ಲ."