ಸಿಕ್ಕಿಂಗೆ ಬಣ್ಣ ಹಚ್ಚಿದ್ದು

ಉಪ್ಪು, ಬೆಲ್ಲ ಮಾರುವವನಿಗೆ ದೇಶದ ಚಿಂತೆ ಇರುವುದಿಲ್ಲ. ದೆಹಲಿಯಲ್ಲಿ ಏನೇ ಆಗಲಿ, ಬೆಲ್ಲ ಬೆಲ್ಲವೇ. ನಕ್ಷೆ ಮಾರುವವನ ಪಾಡು ಹಾಗಲ್ಲ. ದೇಶ ಸ್ವಲ್ಪ ಮಗ್ಗುಲು ಬದಲಿಸಿದರೂ ಅಂಗಡಿಯ ಮಾಲು ಹಳಸುತ್ತದೆ.

ಚನ್ನಗಿರಿಯಲ್ಲಿ ನನ್ನದು ಶಾಲೆ ಸಾಮಾನಿನ ಅಂಗಡಿ. ಸ್ಲೇಟು, ಬಳಪ, ನೋಟ್‌ಬುಕ್ಕು, ಗೋಡೆಗೆ ತೂಗುಹಾಕುವ ನಕ್ಷೆ. ಎಪ್ಪತ್ಮೂರರಲ್ಲಿ ಮೈಸೂರು ರಾಜ್ಯ ಕರ್ನಾಟಕವಾದಾಗ ಊರೆಲ್ಲ ಸಿಹಿ ಹಂಚಿತು. ನಾನೂ ಹಂಚಿದೆ. ಆಮೇಲೆ ಒಳಗೆ ಹೋಗಿ, 'ಮೈಸೂರು' ಎಂದು ಅಚ್ಚಾಗಿದ್ದ ಒಂದು ಕಟ್ಟು ನಕ್ಷೆಯನ್ನು ಅಟ್ಟಕ್ಕೆ ಹಾಕಿದೆ. ಬುದ್ಧಿ ಬಂತು ಅಂದುಕೊಂಡೆ. ಬಂದಿರಲಿಲ್ಲ.

ಎಪ್ಪತ್ತೈದರ ಏಪ್ರಿಲ್‌ನಲ್ಲಿ ಭಾರತದ ನಕ್ಷೆ ನಲವತ್ತು, ಸಾಮಾನ್ಯ ಜ್ಞಾನದ ಪುಸ್ತಿಕೆ ಎರಡು ಕಟ್ಟು ತರಿಸಿದೆ. ಎಲ್ಲದರಲ್ಲೂ ಇಪ್ಪತ್ತೊಂದೇ ರಾಜ್ಯ. ಮೇ ತಿಂಗಳಲ್ಲಿ ರೇಡಿಯೋ ಹೇಳಿತು: ಸಿಕ್ಕಿಂ ಇನ್ನು ಮೇಲೆ ಇಪ್ಪತ್ತೆರಡನೆಯ ರಾಜ್ಯ. ಶಾಲೆ ಬಾಗಿಲು ತೆಗೆಯಲು ಹದಿನೈದು ದಿನ ಉಳಿದಿತ್ತು. ಆ ಹೊತ್ತಿನಲ್ಲಿ ಹೋಗದ ನಕ್ಷೆಯನ್ನು ಮತ್ತೆ ಯಾರೂ ಕೇಳುವುದಿಲ್ಲ.

ಬಣ್ಣ

ನಮ್ಮ ಊರಿನ ಹೈಸ್ಕೂಲ್ ಹೆಡ್‌ಮಾಸ್ಟರು ನಕ್ಷೆ ಬಿಡಿಸಿ ನೋಡಿದರು. ಭಾರತವೆಲ್ಲ ಗುಲಾಬಿ ಬಣ್ಣ. ಮೇಲೆ ಅವರೆಕಾಳಿನಷ್ಟು ಜಾಗ ಮಾತ್ರ ಬಿಳಿ. ಅದೇ ಸಿಕ್ಕಿಂ.

"ಸಾವ್ಕಾರ್ರೇ, ಇದು ಹಳೇ ಮಾಲು."

"ಒಂದ್ನಿಮಿಷ ಕೂತ್ಕಳ್ರಿ," ಎಂದೆ. ಕಂಬಕ್ಕೆ ಕಟ್ಟಿದ್ದ ಡಬ್ಬಿಯಿಂದ ಗುಲಾಬಿ ಪೆನ್ಸಿಲ್ ತೆಗೆದು, ಅವರೆಕಾಳಿಗೆ ಬಣ್ಣ ಹಚ್ಚಿ ತೋರಿಸಿದೆ. "ಈಗ ಹೊಸದು."

ಅವರು ಕನ್ನಡಕ ಮೇಲಕ್ಕೆ ಸರಿಸಿದರು. "ಇಷ್ಟಕ್ಕೆ ಪಾರ್ಲಿಮೆಂಟಿನೋರು ಅಷ್ಟೊಂದು ದಿವಸ ಯಾಕೆ ತಗಂಡ್ರು?"

"ಅವರ ಹತ್ರ ಪೆನ್ಸಿಲ್ ಇರಲಿಲ್ಲ ಅಂತ ಕಾಣುತ್ತೆ."

ನಕ್ಕರು. ಆದರೂ ಗಟ್ಟಿ ಆಸಾಮಿ. ಒಂದು ಕರಾರು ಹಾಕಿದರು: ಆಗಸ್ಟ್ ಹದಿನೈದರವರೆಗೆ ನಕ್ಷೆಯಲ್ಲಿ ಯಾರೂ ತಪ್ಪು ಹಿಡಿಯದಿದ್ದರೆ ಮಾಲು ಅವರದು. ಹಿಡಿದರೆ ಎಲ್ಲವೂ ವಾಪಸ್. ಈ ಕರಾರು ನನಗಿಂತ ಮೊದಲು ಬಸ್ಸು ಹತ್ತಿತು. ಹೊನ್ನಾಳಿ, ನ್ಯಾಮತಿ, ಜಗಳೂರು, ಎಲ್ಲಿ ಹೋದರೂ ಒಂದೇ ಮಾತು: "ಚನ್ನಗಿರಿ ಹೆಡ್‌ಮಾಸ್ಟರಿಗೆ ಹೆಂಗೆ ಕೊಟ್ರೋ ನಮಗೂ ಹಂಗೇ ಕೊಡ್ರಿ. ಅವರು ವಾಪಸ್ ಕೊಟ್ರೆ ನಾವೂ ವಾಪಸ್." ಅಂದರೆ ಒಬ್ಬ ತಪ್ಪು ಹಿಡಿದರೆ ನಲವತ್ತೂ ಅಟ್ಟಕ್ಕೆ.

ಉಳಿದ ಮೂವತ್ತೊಂಬತ್ತಕ್ಕೂ ನಾನೇ ಕೂತು ಬಣ್ಣ ಹಚ್ಚಿದೆ. ನನ್ನ ಕೈ ಮೂಟೆ ಹೊಲಿದ ಕೈ, ಚಿತ್ರ ಬರೆದ ಕೈಯಲ್ಲ. ಮೊದಲಿನದೂ ಸೇರಿ ಅಲ್ಲಲ್ಲಿ ಬಣ್ಣ ಗೆರೆ ದಾಟಿ ಸ್ವಲ್ಪ ಆಚೆಗೆ ಹೋಯಿತು. ಹೋದರೆ ಹೋಗಲಿ, ಅಲ್ಲಿಗೆ ಹೋಗಿ ನೋಡುವವರು ಯಾರು ಅಂದುಕೊಂಡೆ.

ಹಲ್ಲು

ಪುಸ್ತಿಕೆಗೆ ಬೇರೆ ಉಪಾಯ. 'ಇಪ್ಪತ್ತೆರಡು' ಎಂದು ಚೀಟಿ ಅಚ್ಚು ಹಾಕಿಸಿ, ಹಳೆಯ ಉತ್ತರದ ಮೇಲೆ ಅಂಟಿಸಲು ಹೆಂಡತಿಗೂ ಅತ್ತೆಗೂ ಕೊಟ್ಟೆ. ಹೆಂಡತಿ ಸರಿಯಾಗಿ ಅಂಟಿಸಿದಳು. ಅತ್ತೆಗೆ ಕಣ್ಣು ಮಂಜು. ಎಡಪುಟದ ಬದಲು ಬಲಪುಟಕ್ಕೆ ಅಂಟಿಸಿದ್ದು ನ್ಯಾಮತಿಗೆ ಹೋದ ಕಟ್ಟಿನಲ್ಲಿ. ಬಲಪುಟದ ಆ ಜಾಗದಲ್ಲಿದ್ದ ಪ್ರಶ್ನೆ, ಮನುಷ್ಯನಿಗೆ ಹಲ್ಲು ಎಷ್ಟು?

ಜುಲೈನಲ್ಲಿ ನ್ಯಾಮತಿಯ ಶಾಲೆಗೆ ಇನ್‌ಸ್ಪೆಕ್ಟರು ಬಂದರು. ನಿವೃತ್ತಿಗೆ ಹತ್ತಿರವಾದ ಮನುಷ್ಯ. ನಾನು ಬಳಪದ ಪೆಟ್ಟಿಗೆ ಇಳಿಸುತ್ತ ಬಾಗಿಲಲ್ಲೇ ಇದ್ದೆ.

"ಮನುಷ್ಯನಿಗೆ ಎಷ್ಟು ಹಲ್ಲು?"

ಇಡೀ ಕ್ಲಾಸು ಒಂದೇ ದನಿಯಲ್ಲಿ, "ಇಪ್ಪತ್ತೆರಡು ಸಾರ್!"

ಮೇಷ್ಟರ ಮುಖ ಸುಣ್ಣದ ಗೋಡೆಯಾಯಿತು. ನಾನು ಪೆಟ್ಟಿಗೆಯ ಹಿಂದೆ ಬಗ್ಗಿದೆ. ಇನ್‌ಸ್ಪೆಕ್ಟರು ಮಾತ್ರ ಬಾಯಿ ಮುಚ್ಚಿಕೊಂಡು ಈ ದವಡೆಯಿಂದ ಆ ದವಡೆಗೆ ನಾಲಿಗೆ ಆಡಿಸಿದರು. ಮೇಲೆ ಎಣಿಸಿದರು. ಕೆಳಗೆ ಎಣಿಸಿದರು.

"ಇಪ್ಪತ್ತೊಂದು ಐತೆ," ಎಂದರು ಮೇಷ್ಟರಿಗೆ. "ಒಂದು ಹೋದ ವಾರ ಹೋಯ್ತು ಬಿಡ್ರಿ. ಹುಡುಗರು ಹೇಳಿದ್ದೇ ಸರಿ."

ಚುಕ್ಕೆ

ಜಗಳೂರು ಸಂತೆಯ ದಿನ ಬಸ್‌ಸ್ಟ್ಯಾಂಡ್ ಎದುರಿನ ಹೋಟ್ಲಿನಲ್ಲಿ ಇಬ್ಬರ ಜೊತೆ ಕೂತಿದ್ದೆ. ಒಬ್ಬರು ಹೊನ್ನಾಳಿಯ ಬಟ್ಟೆ ವ್ಯಾಪಾರಿ, ಇನ್ನೊಬ್ಬರು ಅಲ್ಲಿನ ಒಂದು ಹಳ್ಳಿಯ ಗೌಡರು. ಶಾಲೆಗೆ ನಕ್ಷೆ ಕೊಳ್ಳುವ ಯಜಮಾನಿಕೆ ಗೌಡರದು.

"ಸಿಕ್ಕಿಂನಾಗೆ ಜನ ಎಷ್ಟು?" ಗೌಡರು ಕೇಳಿದರು.

"ಎರಡು ಲಕ್ಷ ಚಿಲ್ಲರೆ."

"ಅಷ್ಟಕ್ಕೇ ಒಬ್ಬ ಮುಖ್ಯಮಂತ್ರೀನಾ? ನಮ್ಮ ಮೂರು ತಾಲ್ಲೂಕು ಸೇರಿಸಿದ್ರೆ ಅದಕ್ಕಿಂತ ಜಾಸ್ತಿ ಆಗ್ತೀವಿ. ನಾವೂ ಒಂದು ರಾಜ್ಯ ಮಾಡ್ಕಳಾಕೆ ಏನು ಅಡ್ಡಿ?"

ರಾಜಧಾನಿ ಎಲ್ಲಿ ಎಂಬಲ್ಲಿ ಜಗಳ ಹತ್ತಿತು. ಹೊನ್ನಾಳಿಯವರು, "ಹೊಳೆ ನಮ್ಮದು, ರಾಜಧಾನಿ ನಮಗೆ," ಎಂದರು. ನಾನು, "ಸೂಳೆಕೆರೆ ನಮ್ಮದು," ಎಂದೆ.

ಗೌಡರು ಟೀ ಲೋಟ ಕೆಳಗಿಟ್ಟರು. "ನೀರಿರೋರು ನೀರು ಇಟ್ಕಳ್ರಿ. ರಾಜಧಾನಿ ಜಗಳೂರಿಗೆ ಕೊಡ್ರಿ. ಮಂತ್ರಿಗಳು ಇಲ್ಲಿಗೆ ಬಂದು ಒಂದಿನ ಸ್ನಾನ ಮಾಡಾಕೆ ನೋಡ್ಲಿ, ನೀರು ತಾನೇ ಬರುತ್ತೆ."

ರಾಜಧಾನಿ ಜಗಳೂರಿಗೇ ಹೋಯಿತು. ಆಮೇಲೆ ಅವರು ನಕ್ಷೆ ಬಿಡಿಸಿದರು. "ಇದ್ರಾಗೆ ಜಗಳೂರು ಎಲ್ಲೈತ್ರೀ?"

"ಇಷ್ಟು ದೊಡ್ಡ ದೇಶದ ನಕ್ಷೇಲಿ ಸಣ್ಣ ಊರು ಹಾಕಲ್ಲ ಗೌಡ್ರೇ."

"ಸಿಕ್ಕಿಂಗೆ ಹಚ್ಚಿದ ಪೆನ್ಸಿಲ್ ಜೇಬಿನಾಗೇ ಐತಲ್ಲ. ನಮಗೂ ಒಂದು ಚುಕ್ಕೆ ಇಡ್ರಿ."

ಇಟ್ಟೆ. ಸಾಲದು ಎಂದರು. ಇನ್ನಷ್ಟು ತಿರುವಿದೆ. ಆ ಹಳ್ಳಿ ಶಾಲೆಯ ನಕ್ಷೆಯಲ್ಲಿ ದೆಹಲಿಯನ್ನು ಹುಡುಕಬೇಕು, ಜಗಳೂರು ಬಾಗಿಲಿಂದಲೇ ಕಾಣುತ್ತದೆ.

ದೇಶ ಪೂರ್ತಿ ಆಗಲಿ

ಹೊನ್ನಾಳಿಯ ಮೇಷ್ಟರೊಬ್ಬರು ನಕ್ಷೆ ಕೊಳ್ಳಲೇ ಇಲ್ಲ. "ಆತುರ ಏನು? ದೇಶ ಪೂರ್ತಿ ಆದ್ಮೇಲೆ ಒಂದೇ ಸಲ ತಗಳಣ," ಎಂದರು. ಪ್ರತಿ ಜೂನ್‌ನಲ್ಲೂ ಕೇಳಿದೆ, ಪ್ರತಿ ಜೂನ್‌ನಲ್ಲೂ ಅದೇ ಉತ್ತರ. ಎಂಬತ್ತೇಳರಲ್ಲಿ ಅರುಣಾಚಲ, ಮಿಜೋರಂ, ಗೋವಾ, ಒಂದೇ ವರ್ಷ ಮೂರು ರಾಜ್ಯ ಹುಟ್ಟಿದವು. ಮೇಷ್ಟರು ನನ್ನ ಅಂಗಡಿಗೇ ಬಂದು, "ನೋಡಿದ್ರಾ, ನಾನು ಹೇಳಲಿಲ್ವಾ?" ಎಂದರು. ಮುಂದಿನ ವರ್ಷ ನಿವೃತ್ತರಾದರು. ಹದಿಮೂರು ವರ್ಷ ಭೂಗೋಳವನ್ನು ಗಾಳಿಯಲ್ಲಿ ಬೆರಳಾಡಿಸಿ ಕಲಿಸಿದ ಮನುಷ್ಯ.

ಗಡಿ

ಮತ್ತೆ ಎಪ್ಪತ್ತೈದಕ್ಕೆ ಬರುತ್ತೇನೆ. ಆಗಸ್ಟ್ ಹದಿನೈದು, ಕರಾರಿನ ಕೊನೆಯ ದಿನ. ಅಷ್ಟೊತ್ತಿಗೆ ಜನ ನನ್ನನ್ನು ಸಿಕ್ಕಿಂ ಸಾವ್ಕಾರ್ ಎನ್ನತೊಡಗಿದ್ದರು. ಬಾವುಟ ಹಾರಿಸಿದ ಮೇಲೆ ಹೆಡ್‌ಮಾಸ್ಟರು ಮೈಕಿನಲ್ಲಿ, "ಹೊಸ ರಾಜ್ಯದ ಬಗ್ಗೆ ನಮ್ಮ ಸಾವ್ಕಾರ್ರು ಎರಡು ಮಾತು ಆಡ್ತಾರೆ," ಎಂದುಬಿಟ್ಟರು. ಪಕ್ಕದಲ್ಲೇ ನನ್ನ ನಕ್ಷೆ ತೂಗುಹಾಕಿದ್ದರು.

ಪೇಪರಿನಲ್ಲಿ ಓದಿದ್ದನ್ನೆಲ್ಲ ಹೇಳಿದೆ. ರಾಜಧಾನಿ ಗ್ಯಾಂಗ್ಟಾಕ್, ಹೊಳೆ ತೀಸ್ತಾ, ಬೆಳೆ ದೊಡ್ಡ ಏಲಕ್ಕಿ. ಕಾಂಚನಗಂಗಾ ಶಿಖರ ಬೆಳಗಿನ ಬಿಸಿಲಿಗೆ ಚಿನ್ನದಂತೆ ಹೊಳೆಯುತ್ತದೆ ಎಂದು ನಾನೇ ನೋಡಿ ಬಂದವನ ಹಾಗೆ ಕೈ ಎತ್ತಿದೆ. ಚಪ್ಪಾಳೆ ಬಿತ್ತು.

ಆಗ ಹೆಡ್‌ಮಾಸ್ಟರು ಮುಂದಿನ ಸಾಲಿನ ಮೀಸೆಯವರೊಬ್ಬರನ್ನು ಎಬ್ಬಿಸಿದರು. "ಇವರು ಬಸವಾಪಟ್ಟಣದೋರು, ಮಿಲಿಟರಿ ಹವಾಲ್ದಾರ್ರು. ಮೂರು ವರ್ಷ ಸಿಕ್ಕಿಂ ಗಡಿಯಲ್ಲೇ ಇದ್ರು. ರಜದ ಮೇಲೆ ಬಂದಿದ್ದಾರೆ. ಸಾವ್ಕಾರ್ರು ಹೇಳಿದ್ದು ಸರಿನಾ ಹವಾಲ್ದಾರ್ರೇ?"

ಹೋಗಿ ನೋಡುವವರು ಯಾರು ಅಂದುಕೊಂಡಿದ್ದೆನಲ್ಲ, ಅವನೇ ಎದ್ದು ನಿಂತಿದ್ದ.

"ಸರಿ ಇರಬೌದು," ಎಂದರು ಹವಾಲ್ದಾರರು. "ಮೂರು ವರ್ಷ ಬರೀ ಮಂಜು. ನನಗೆ ಕಂಡದ್ದು ಮುಂದಿನ ಸಿಪಾಯಿ ಬೆನ್ನು ಒಂದೇ. ತಡೀರಿ, ನಾನಿದ್ದದ್ದು ಎಲ್ಲಿ ಅಂತ ಈಗಾದ್ರೂ ನೋಡ್ತೀನಿ."

ನೆಟ್ಟಗೆ ನಕ್ಷೆಯ ಬಳಿಗೆ ಬಂದರು. ಬೆರಳಿಟ್ಟು ಗಡಿಯ ಗೆರೆ ಹಿಡಿದು ಹೊರಟರು. ಬೆರಳು ಒಂದು ಕಡೆ ನಿಂತಿತು. ಅಚ್ಚಿನ ಗೆರೆ ದಾಟಿ ಉತ್ತರಕ್ಕೆ, ಚೀನಾದೊಳಗೆ, ಬೆಂಕಿಕಡ್ಡಿ ತಲೆಯಷ್ಟು ಗುಲಾಬಿ ಬಣ್ಣ.

"ಇದ್ಯಾರು ಹಚ್ಚಿದ್ದು?"

ಹೆಡ್‌ಮಾಸ್ಟರು ಕನ್ನಡಕ ಸರಿಮಾಡಿಕೊಂಡು ಎದ್ದರು. "ನಾನೇ," ಎಂದೆ. ನಲವತ್ತು ನಕ್ಷೆ ಸುರುಳಿ ಸುತ್ತಿಕೊಂಡು ಅಟ್ಟ ಹತ್ತುವುದು ಕಣ್ಣಿಗೆ ಕಂಡಿತು.

ಹವಾಲ್ದಾರರು ನನ್ನನ್ನು ಮೇಲಿಂದ ಕೆಳಗೆ ನೋಡಿದರು. "ನಾವು ಮೂರು ವರ್ಷ ಬಂದೂಕು ಹಿಡ್ಕಂಡು ನಿಂತ್ರೂ ಒಂದು ಹೆಜ್ಜೆ ಮುಂದಕ್ಕೆ ಹೋಗ್ಲಿಲ್ಲ. ನೀವು ಚನ್ನಗಿರಿ ಅಂಗಡೀಲಿ ಕೂತ್ಕಂಡೇ ಆರು ಮೈಲಿ ಹೋಗಿದೀರಲ್ರೀ!"

ಮೈದಾನವೆಲ್ಲ ನಗು. ಹೆಡ್‌ಮಾಸ್ಟರು ಮಾತ್ರ ಕರಾರು ಬಿಡಲಿಲ್ಲ. "ಅಂದ್ರೆ ಇದು ತಪ್ಪು ತಾನೇ? ನೀವೊಂದು ಮಾತು ಹೇಳಿದ್ರೆ ಇವತ್ತೇ ಎಲ್ಲಾ ವಾಪಸ್ ಕೊಡ್ತೀನಿ."

ಹವಾಲ್ದಾರರು ನಕ್ಷೆಯ ಕಡೆ ಇನ್ನೊಮ್ಮೆ ನೋಡಿ, ಎದೆ ಸೆಟೆಸಿ ನಿಂತರು.

"ಅದು ನನ್ನ ಕೈಲಾಗಲ್ಲ ಸಾರ್. ಗೆದ್ದ ಜಾಗ ವಾಪಸ್ ಕೊಡಾಕೆ ಮೇಲಿನಿಂದ ಆರ್ಡರ್ ಬರಬೇಕು."